ಬಸ್ ಲೇನಿಗೆ ಗಾಡಿ ಇಳಿಸುವ ಮುನ್ನ: ದಾವಣಗೆರೆ ಕಡೆಯ ಚಾಲಕರಿಗೆ ನಿಯಮ, ದಂಡ, ದಾರಿ

ದಾವಣಗೆರೆಯಲ್ಲಿ ಬಸ್ಸಿಗೆಂದೇ ಮೀಸಲಾದ ಲೇನ್ ಇಲ್ಲ, ಚಿತ್ರದುರ್ಗದಲ್ಲೂ ಇಲ್ಲ. ಹೀಗಾಗಿ ಕೆಎ-17, ಕೆಎ-16 ನಂಬರಿನ ಗಾಡಿ ಓಡಿಸುವ ಬಹಳಷ್ಟು ಜನರಿಗೆ ಈ ನಿಯಮ ಡ್ರೈವಿಂಗ್ ಕಲಿಯುವಾಗಲೂ ಕಿವಿಗೆ ಬಿದ್ದಿರುವುದಿಲ್ಲ. ಆದರೆ ಹೈವೇ ಹಿಡಿದು ಹರಿಹರ, ರಾಣೆಬೆನ್ನೂರು, ಹಾವೇರಿ ದಾಟಿದರೆ ಹುಬ್ಬಳ್ಳಿ. ಅಲ್ಲಿಂದ ಧಾರವಾಡದವರೆಗೆ ಸುಮಾರು 22 ಕಿಲೋಮೀಟರ್ ಉದ್ದಕ್ಕೂ ರಸ್ತೆಯ ನಟ್ಟನಡುವೆ, ಆ ಎರಡು ಊರುಗಳ ನಡುವೆ ಓಡುವ ‘ಚಿಗರಿ’ ಅನ್ನುವ ಸೇವೆಯ ಬಸ್ಸುಗಳಿಗೆಂದೇ ಮೀಸಲಿಟ್ಟ ದಾರಿ ಇದೆ. ಆಸ್ಪತ್ರೆ, ಮದುವೆ, ವ್ಯಾಪಾರ, ಮಕ್ಕಳ ಕಾಲೇಜು ಅಂತ ಒಂದಲ್ಲ ಒಂದು ಕಾರಣಕ್ಕೆ ನಮ್ಮ ಕಡೆಯವರು ಅಲ್ಲಿಗೆ ಹೋಗುತ್ತಲೇ ಇರುತ್ತಾರೆ.

ಮೊದಲು ಆ ಮೀಸಲು ಲೇನಿನ ಸಂಗತಿ ಹೇಳಿ, ಆಮೇಲೆ ನಮ್ಮೂರಿನ ಬಸ್ ಸ್ಟಾಪಿಗೆ ಬರುತ್ತೇನೆ. ನನ್ನ ಮಟ್ಟಿಗೆ ಎರಡನೆಯದೇ ಹೆಚ್ಚು ಮುಖ್ಯ. ಲೇನ್ ಇಲ್ಲದ ಊರಿನಲ್ಲಿ ಬಸ್ ಸ್ಟಾಪಿನ ಮುಂದಿನ ಆ ಹತ್ತು ಮಾರು ಜಾಗವೇ ಬಸ್ಸಿನ ಲೇನ್. ಅದನ್ನು ನಾವು ಬಿಟ್ಟುಕೊಡುತ್ತಿಲ್ಲ.

ಮೊದಲು ಲೇನ್ ಗುರುತಿಸುವುದನ್ನು ಕಲಿಯಿರಿ

ಬಸ್ ಲೇನ್ ಎರಡು ಥರ. ಒಂದು, ಕಟ್ಟೆ ಅಥವಾ ಕಂಬಿ ಹಾಕಿ ಪೂರ್ತಿ ಬೇರ್ಪಡಿಸಿದ್ದು. ಹುಬ್ಬಳ್ಳಿ–ಧಾರವಾಡದ್ದು ಈ ಜಾತಿ. ಇನ್ನೊಂದು, ಬಣ್ಣದ ಗೆರೆಯಿಂದಲೋ ಸಣ್ಣ ಕಂಬಗಳಿಂದಲೋ ಗುರುತು ಮಾಡಿದ್ದು. ಬೆಂಗಳೂರಿನ ಹೊರವರ್ತುಲ ರಸ್ತೆಯಲ್ಲಿ ಸಿಲ್ಕ್ ಬೋರ್ಡ್ ಕಡೆಯಿಂದ ಬೈಯಪ್ಪನಹಳ್ಳಿವರೆಗೆ 2019ರಲ್ಲಿ ಮಾಡಿದ್ದು ಇಂಥ ಲೇನ್. ಮುಂದೆ ಮೆಟ್ರೊ ಕಾಮಗಾರಿ ಬಂದಾಗ ಅಲ್ಲಿನ ಕಂಬಗಳು ಹೋದವು.

ಕಟ್ಟೆ ಇದ್ದ ಕಡೆ ಗೊಂದಲ ಕಡಿಮೆ. ಗೊಂದಲ ಆಗುವುದು ಸರ್ಕಲ್‌ಗಳಲ್ಲಿ. ಸಿಗ್ನಲ್ ದಾಟಿದ ಕೂಡಲೇ ರಸ್ತೆ ಕವಲೊಡೆದಂತೆ ಕಾಣುತ್ತದೆ. ಬಲಕ್ಕಿರುವ ದಾರಿ ಖಾಲಿ ಹೊಡೆಯುತ್ತಿರುತ್ತದೆ, ಎಡಕ್ಕಿರುವುದರಲ್ಲಿ ಗಾಡಿಗಳು ಒತ್ತಿಕೊಂಡಿರುತ್ತವೆ. ಹೈವೇಯಲ್ಲಿ ಬಲಗಡೆಯೇ ವೇಗದ ಲೇನ್ ಅಂತ ರೂಢಿಯಾದ ಕೈ ತಾನಾಗಿಯೇ ಬಲಕ್ಕೆ ತಿರುಗುತ್ತದೆ. ತಪ್ಪುವುದು ಇಲ್ಲೇ. ಹುಬ್ಬಳ್ಳಿ ಒಳಗೆ ಬಂದಮೇಲೆ ಖಾಲಿ ಇರುವ ಬಲದ ದಾರಿ ನಿಮ್ಮದಲ್ಲ ಅಂತ ಮನಸ್ಸಿನಲ್ಲಿಟ್ಟುಕೊಂಡೇ ಓಡಿಸಿ.

ಬೋರ್ಡ್ ಓದುವುದು ಸುಲಭ. ನೀಲಿ ವೃತ್ತದೊಳಗೆ ಬಿಳಿ ಬಸ್ಸಿನ ಚಿತ್ರ ಇದ್ದರೆ ಆ ದಾರಿ ಬಸ್ಸಿಗೆ ಮಾತ್ರ. ಕೆಂಪು ವೃತ್ತ ನಿಷೇಧಕ್ಕೆ, ನೀಲಿ ವೃತ್ತ ಕಡ್ಡಾಯಕ್ಕೆ ಅಂತ ನೆನಪಿಟ್ಟರೆ ಸಾಕು. ಎರಡನ್ನೂ ಮೀರಿದರೆ ದಂಡ ಇದೆ. ನೀಲಿ ಆಯತದ ಬೋರ್ಡುಗಳು ಬರೀ ಮಾಹಿತಿಗೆ. ರಸ್ತೆ ಮೇಲಿನ ಗೆರೆ ತುಂಡುತುಂಡಾಗಿದ್ದರೆ ಅಗತ್ಯ ಬಿದ್ದಾಗ ನೋಡಿಕೊಂಡು ದಾಟಬಹುದು, ಉದ್ದಕ್ಕೆ ಒಂದೇ ಗೆರೆ ಎಳೆದಿದ್ದರೆ ದಾಟುವಂತಿಲ್ಲ.

ಮೊಬೈಲ್ ಮ್ಯಾಪನ್ನು ನಂಬಿ ಲೇನ್ ಆರಿಸಿಕೊಳ್ಳಬೇಡಿ. ‘ನೇರ ಹೋಗಿ’ ಅಂದರೆ ರಸ್ತೆಯಲ್ಲಿ ನೇರ ಹೋಗಿ ಅಂತ. ಬಸ್ಸಿನ ದಾರಿಯಲ್ಲಿ ನೇರ ಹೋಗಿ ಅಂತಲ್ಲ.

ಯಾವ ಬಸ್ಸು?

ಮದುವೆ ದಿಬ್ಬಣಕ್ಕೆ ಬಸ್ಸು, ಟೆಂಪೊ ಟ್ರಾವೆಲರ್ ಬಾಡಿಗೆ ಹಿಡಿದು ಹೋಗುವವರು ಇಲ್ಲಿ ಸ್ವಲ್ಪ ಗಮನ ಕೊಡಿ. ಬಸ್ ಲೇನ್ ಅಂದಮಾತ್ರಕ್ಕೆ ಎಲ್ಲ ಬಸ್ಸಿಗೂ ಅಲ್ಲ. ಹುಬ್ಬಳ್ಳಿ–ಧಾರವಾಡದ ನಡುವಿನ ದಾರಿ ಆ ಸೇವೆಯ ಬಸ್ಸುಗಳಿಗೆಂದೇ ಕಟ್ಟಿದ್ದು. ಅಲ್ಲಿ ನಿಲ್ದಾಣಗಳು ರಸ್ತೆಯ ಮಧ್ಯದಲ್ಲಿವೆ, ಬಸ್ಸಿನ ನೆಲದ ಎತ್ತರಕ್ಕೇ ಕಟ್ಟೆ ಇದೆ, ಚಿಗರಿ ಬಸ್ಸಿನ ಬಾಗಿಲು ಬಲಗಡೆ ತೆರೆಯುತ್ತದೆ. ಬೇರೆ ಬಸ್ಸು ಒಳಗೆ ಹೋದರೂ ಅಲ್ಲಿ ಯಾರನ್ನೂ ಹತ್ತಿಸಿಕೊಳ್ಳುವುದಕ್ಕಾಗುವುದಿಲ್ಲ, ಇಳಿಸುವುದಕ್ಕೂ ಆಗುವುದಿಲ್ಲ. ಬಾಡಿಗೆ ಬಸ್ಸು, ಶಾಲೆ ಬಸ್ಸು, ಫ್ಯಾಕ್ಟರಿ ಬಸ್ಸು, ಟ್ಯಾಕ್ಸಿ, ಆಟೊ, ‘ಸರ್ಕಾರಿ ಕೆಲಸದ ಮೇಲೆ’ ಅಂತ ಬರೆಸಿಕೊಂಡ ಕಾರು, ಯಾವುದೂ ಆ ದಾರಿಗೆ ಇಳಿಯಬಾರದು. ಬೈಕಿಗಂತೂ ಬೇಡವೇ ಬೇಡ. ಯಾಕೆ ಅಂತ ಮುಂದೆ ಹೇಳುತ್ತೇನೆ.

ಆ ಲೇನನ್ನು ಎಲ್ಲರಿಗೂ ತೆರೆಯಬೇಕು ಅನ್ನುವ ಕೂಗು ಅಲ್ಲಿ ಇದ್ದೇ ಇದೆ. ಇರಲಿ. ಬೋರ್ಡ್ ಎಲ್ಲಿಯವರೆಗೆ ಇದೆಯೋ ಅಲ್ಲಿಯವರೆಗೆ ಅದೇ ನಿಯಮ.

ಹುಬ್ಬಳ್ಳಿ ಒಳಗೆ ಓಡಿಸುವ ಕ್ರಮ

ಹೊರಡುವ ಮುನ್ನವೇ ಒಂದು ಪ್ರಶ್ನೆ ಕೇಳಿಕೊಳ್ಳಿ: ನಿಮಗೆ ಹುಬ್ಬಳ್ಳಿ ಪೇಟೆ ಒಳಗೆ ಕೆಲಸ ಇದೆಯೇ? ಧಾರವಾಡಕ್ಕೋ ಬೆಳಗಾವಿಗೋ ಹೋಗುವವರು ಗಬ್ಬೂರಿನ ಹತ್ತಿರ ಬೈಪಾಸ್ ಹಿಡಿದರೆ ಈ ತಾಪತ್ರಯವೇ ಇಲ್ಲ. ಟೋಲ್ ಕೊಡಬೇಕಾಗುತ್ತದೆ, ಆದರೆ ಗೊತ್ತಿಲ್ಲದ ಊರಿನ ಸಿಗ್ನಲ್‌ಗಳಲ್ಲಿ ತಡಕಾಡುವುದು ತಪ್ಪುತ್ತದೆ. ಹೊಸೂರು, ವಿದ್ಯಾನಗರ, ಉಣಕಲ್, ನವನಗರ ಕಡೆ ಕೆಲಸ ಇರುವವರು ಮಾತ್ರ ಒಳರಸ್ತೆ ಹಿಡಿಯಲಿ.

ಒಳಗೆ ಬಂದಮೇಲೆ ಬಲಕ್ಕೆ ತಿರುಗುವುದೇ ದೊಡ್ಡ ಪರೀಕ್ಷೆ. ನಡುವೆ ಬಸ್ಸಿನ ಎರಡು ದಾರಿ ಇರುವುದರಿಂದ ಬೇಕೆಂದಲ್ಲಿ ಯು-ಟರ್ನ್ ಹೊಡೆಯುವಂತಿಲ್ಲ. ನೀವು ಹೋಗಬೇಕಾದ ಅಂಗಡಿ ರಸ್ತೆಯ ಆಚೆ ಬದಿಯಲ್ಲಿ ಕಣ್ಣಿಗೇ ಕಾಣುತ್ತಿರಬಹುದು, ಆದರೂ ಮುಂದಿನ ಸಿಗ್ನಲ್‌ವರೆಗೆ ಹೋಗಿ ತಿರುಗಿಕೊಂಡೇ ಬರಬೇಕು. ತಿರುಗುವಾಗ ನಿಮ್ಮ ಕಡೆಯ ದೀಪ ಹಸಿರಾದಮೇಲೆ ಮಾತ್ರ ಗಾಡಿ ಬಿಡಿ. ‘ಎದುರಿಗೆ ಯಾವ ಗಾಡಿಯೂ ಬರುತ್ತಿಲ್ಲ’ ಅನ್ನುವ ನಮ್ಮ ಊರಿನ ಲೆಕ್ಕ ಅಲ್ಲಿ ಕೆಲಸಕ್ಕೆ ಬರುವುದಿಲ್ಲ, ಯಾಕೆಂದರೆ ನೀವು ಅಡ್ಡ ದಾಟುತ್ತಿರುವುದು ಕಾರುಗಳ ಸಾಲನ್ನಷ್ಟೇ ಅಲ್ಲ, ನಡುವೆ ಎರಡೂ ದಿಕ್ಕಿಗೆ ಓಡುವ ಬಸ್ಸುಗಳನ್ನೂ. ಅಡೆತಡೆ ಇಲ್ಲದ ದಾರಿಯಾದ್ದರಿಂದ ಬಸ್ಸಿಗೆ ಒಳ್ಳೆಯ ವೇಗ ಇರುತ್ತದೆ. ತುಂಬಿದ ಬಸ್ಸು ಬ್ರೇಕ್ ಒತ್ತಿದ ಜಾಗದಲ್ಲೇ ನಿಲ್ಲುವುದಿಲ್ಲ. ಬೈಕಿನವರಿಗೆ ಈ ದಾರಿ ಬೇಡ ಅಂದದ್ದು ಇದಕ್ಕೇ. ಎರಡೂ ಬದಿ ಕಟ್ಟೆ, ಹಿಂದೆ ಬಸ್ಸು. ಪಕ್ಕಕ್ಕೆ ಸರಿಯೋಣ ಅಂದರೆ ಜಾಗವೇ ಇರುವುದಿಲ್ಲ.

ನಿಲ್ದಾಣ ರಸ್ತೆಯ ಮಧ್ಯೆ ಇರುವುದರಿಂದ ಬಸ್ಸು ಹತ್ತುವ ಇಳಿಯುವ ಪ್ರತಿಯೊಬ್ಬರೂ ನಿಮ್ಮ ಲೇನನ್ನು ದಾಟಿಯೇ ಫುಟ್‌ಪಾತ್ ಸೇರಬೇಕು, ಮೇಲ್ಸೇತುವೆ ಇರುವ ಕಡೆ ಬಿಟ್ಟರೆ. ನಿಲ್ದಾಣದ ಮುಂದೆ ಜೀಬ್ರಾ ಗೆರೆ ಕಂಡರೆ ವೇಗ ಇಳಿಸಿ. ಬ್ಯಾಗು ಹಿಡಿದ ಕಾಲೇಜು ಹುಡುಗರು ಬರುವ ಬಸ್ಸಿನ ಮೇಲೆ ಕಣ್ಣಿಟ್ಟು ಓಡುತ್ತಾರೆ, ನಿಮ್ಮ ಗಾಡಿ ಅವರ ಕಣ್ಣಿಗೆ ಬಿದ್ದಿರುವುದಿಲ್ಲ.

ತಪ್ಪಿ ಒಳಗೆ ಹೋದರೆ

ಗಾಬರಿಯಾಗಬೇಡಿ, ರಿವರ್ಸ್ ಹಾಕಬೇಡಿ. ಕಟ್ಟೆ ಹಾರಿಸುವ ಸಾಹಸವೂ ಬೇಡ, ಅಲ್ಲೇ ತಿರುಗಿಸುವುದಂತೂ ಬೇಡವೇ ಬೇಡ. ಲೇನಿಗೆ ಕಾರು ಹೊಕ್ಕಿದ್ದು ಒಂದು ತಪ್ಪು. ಅಲ್ಲಿ ಹಿಂದಕ್ಕೆ ಬರುವುದೋ ಎದುರು ದಿಕ್ಕಿಗೆ ಓಡಿಸುವುದೋ ಅದಕ್ಕಿಂತ ಎಷ್ಟೋ ದೊಡ್ಡ ತಪ್ಪು, ಕಾನೂನಿನಲ್ಲೂ ಹಾಗೇ. ಎಡ ಇಂಡಿಕೇಟರ್ ಹಾಕಿ, ಸಮ ವೇಗದಲ್ಲಿ ಮುಂದಿನ ಸರ್ಕಲ್‌ವರೆಗೆ ಹೋಗಿ ಅಲ್ಲಿ ಹೊರಗೆ ಬನ್ನಿ. ಹಿಂದಿನಿಂದ ಬಸ್ಸು ಬಂದು ಹಾರ್ನ್ ಹೊಡೆದರೂ ಸಿಟ್ಟಾಗಬೇಡಿ, ಅದು ಅವರ ದಾರಿ. ಪೊಲೀಸರು ಕೈ ಅಡ್ಡ ಹಾಕಿದರೆ ಹೊರಗೆ ಬಂದು ಎಡಬದಿಗೆ ನಿಲ್ಲಿಸಿ. ಲೇನಿನೊಳಗೇ ಗಾಡಿ ನಿಲ್ಲಿಸಿ ಮಾತಿಗೆ ನಿಲ್ಲಬೇಡಿ.

ಲೇನಿನೊಳಗೇ ಗಾಡಿ ಕೆಟ್ಟು ನಿಂತರೆ ಮೊದಲು ನಾಲ್ಕೂ ಇಂಡಿಕೇಟರ್ ಹೊತ್ತಿಸಿ, ಒಳಗಿದ್ದವರನ್ನು ಇಳಿಸಿ ಫುಟ್‌ಪಾತಿಗೆ ಕಳಿಸಿ, ಹಿಂದೆ ಕೆಂಪು ತ್ರಿಕೋನ ಇಡಿ, 112ಕ್ಕೆ ಫೋನ್ ಮಾಡಿ. ಬಾನೆಟ್ ಎತ್ತಿ ರಿಪೇರಿಗೆ ಕೂರುವ ಜಾಗ ಅದಲ್ಲ.

ದಂಡದ ಲೆಕ್ಕ

ಮೋಟಾರು ವಾಹನ ಕಾಯ್ದೆಯಲ್ಲಿ ‘ಬಸ್ ಲೇನ್’ ಅಂತಲೇ ಪ್ರತ್ಯೇಕ ಕಲಂ ಇಲ್ಲ. ನೀವು ಮಾಡಿದ್ದೇನು ಅನ್ನುವುದರ ಮೇಲೆ ಕಲಂ ಬೀಳುತ್ತದೆ. 2019ರ ತಿದ್ದುಪಡಿಯಲ್ಲಿ ದಂಡಗಳು ಏರಿ, ಆ ವರ್ಷದ ಸೆಪ್ಟೆಂಬರ್ 1ರಿಂದ ಜಾರಿಗೆ ಬಂದವು.

ಲೇನ್ ಶಿಸ್ತು 2017ರ ಚಾಲನಾ ನಿಯಮಾವಳಿಯಲ್ಲಿದೆ. ಅದನ್ನು ಮುರಿದರೆ 177ಎ ಕಲಂ, ದಂಡ 500ರಿಂದ 1,000 ರೂಪಾಯಿ. ಸಾಮಾನ್ಯ ಉಲ್ಲಂಘನೆಯ 177ನೇ ಕಲಂ ಹಾಕಿದರೆ ಮೊದಲ ಸಲಕ್ಕೆ 500ರವರೆಗೆ, ಮತ್ತೆ ಸಿಕ್ಕಿಬಿದ್ದರೆ 1,500ರವರೆಗೆ. ಪೊಲೀಸರು ‘ಹೊರಗೆ ಬನ್ನಿ’ ಅಂದರೂ ಬೇಕಂತಲೇ ಕೇಳದೆ ಹೋದರೆ 179ನೇ ಕಲಂ, 2,000ರವರೆಗೆ. ಎದುರು ದಿಕ್ಕಿಗೆ ಓಡಿಸಿದರೆ, ಕೆಂಪು ದೀಪ ಹಾರಿಸಿದರೆ, ಓಡಿಸುತ್ತಾ ಕೈಯಲ್ಲಿ ಮೊಬೈಲ್ ಹಿಡಿದರೆ ಅದು ಅಪಾಯಕಾರಿ ಚಾಲನೆಯ 184ನೇ ಕಲಂ ಅಡಿ ಬರಬಹುದು. ಅಲ್ಲಿ ಮೊದಲ ಸಲಕ್ಕೇ 1,000ದಿಂದ 5,000 ರೂಪಾಯಿ ದಂಡ, ಜೈಲಿಗೂ ಅವಕಾಶ ಇದೆ; ಲೈಸೆನ್ಸ್ ಮೂರು ತಿಂಗಳು ಕೈತಪ್ಪಬಹುದು. ಇದೇ ಕಾರಣಕ್ಕೆ ತಪ್ಪಿ ಒಳಗೆ ಹೋದವರು ತಿರುಗಿಸಿಕೊಂಡು ಎದುರು ಬರಬಾರದು ಅಂತ ಒತ್ತಿ ಹೇಳಿದ್ದು.

ಇವು ಕಾಯ್ದೆಯ ಅಂಕಿಗಳು. ಸ್ಥಳದಲ್ಲಿ ಕಟ್ಟಿ ಮುಗಿಸುವ ಮೊತ್ತವನ್ನು ರಾಜ್ಯ ಸರ್ಕಾರ ನಿಗದಿ ಮಾಡುತ್ತದೆ, ಕರ್ನಾಟಕ 2019ರಲ್ಲೇ ಹಲವು ಮೊತ್ತಗಳನ್ನು ಇಳಿಸಿತು. ಆದ್ದರಿಂದ ರಸೀದಿಯಲ್ಲಿ ಬರುವ ಮೊತ್ತ ಇದಕ್ಕಿಂತ ಬೇರೆ ಇದ್ದರೆ ಅಚ್ಚರಿ ಬೇಡ. ರಸೀದಿ ಮಾತ್ರ ಕೇಳಿ ಪಡೆಯಿರಿ. ಅದಿಲ್ಲದೆ ಕೊಟ್ಟ ಹಣ ಯಾವ ಲೆಕ್ಕಕ್ಕೂ ಸೇರುವುದಿಲ್ಲ, ಕೇಸೂ ಮುಗಿಯುವುದಿಲ್ಲ.

ಬಸ್ಸಿನವರಿಗೂ ನಿಯಮ ಇದೆ. ದೆಹಲಿಯಲ್ಲಿ 2022ರ ಏಪ್ರಿಲ್ 1ರಿಂದ ಬಸ್ಸುಗಳೇ ತಮ್ಮ ಲೇನ್ ಬಿಟ್ಟು ಹೊರಗೆ ಬಂದರೆ ಚಾಲಕರಿಗೆ 10,000 ರೂಪಾಯಿವರೆಗೆ ದಂಡ ಅಂತ ಮಾಡಿದರು. ಲೇನ್ ಕೊಟ್ಟಮೇಲೆ ಅದರೊಳಗೇ ಇರಬೇಕು ಅನ್ನುವುದು ನ್ಯಾಯವಾದ ಮಾತೇ.

ಎರಡು ಕಲಂಗಳನ್ನು ಮನೆಮಂದಿಗೆಲ್ಲ ಹೇಳಿಡಿ. ಆಂಬುಲೆನ್ಸ್ ಅಥವಾ ಅಗ್ನಿಶಾಮಕ ಗಾಡಿ ಬಂದಾಗ ಬದಿಗೆ ಸರಿಯದಿದ್ದರೆ 194ಇ ಕಲಂ ಪ್ರಕಾರ 10,000 ರೂಪಾಯಿ ದಂಡ, ಆರು ತಿಂಗಳವರೆಗೆ ಜೈಲೂ ಆಗಬಹುದು. ಹದಿನೆಂಟು ತುಂಬದ ಮಗನ ಕೈಗೆ ಗಾಡಿ ಕೊಟ್ಟು ಅವನು ಅಪರಾಧ ಮಾಡಿದರೆ 199ಎ ಕಲಂ ಅಡಿ ಪೋಷಕರಿಗೋ ಗಾಡಿ ಮಾಲೀಕರಿಗೋ 25,000 ದಂಡ, ಮೂರು ವರ್ಷದವರೆಗೆ ಜೈಲು. ಗಾಡಿಯ ನೋಂದಣಿ ಹನ್ನೆರಡು ತಿಂಗಳು ರದ್ದು. ದಾವಣಗೆರೆಯ ಟ್ಯೂಷನ್ ಬೀದಿಗಳಲ್ಲಿ ಸಂಜೆ ಹೊತ್ತು ಸ್ಕೂಟರ್ ಓಡಿಸುವ ಮಕ್ಕಳನ್ನು ನೋಡಿದರೆ ಈ ಕಲಂ ಎಷ್ಟು ಮನೆಗಳಿಗೆ ಗೊತ್ತಿದೆ ಅಂತ ಸಂಕಟವಾಗುತ್ತದೆ.

ದಂಡ ಕಟ್ಟಿದರೆ ಕತೆ ಮುಗಿಯಿತು ಅಂತಲೂ ಅಲ್ಲ. ಹೋಗಬಾರದ ಲೇನಿನಲ್ಲಿದ್ದಾಗ ಅಪಘಾತವಾದರೆ, ಪರಿಹಾರದ ಕೇಸಿನಲ್ಲಿ ನಿಮ್ಮ ಪಾಲಿನ ನಿರ್ಲಕ್ಷ್ಯವನ್ನೂ ತೂಗುತ್ತಾರೆ, ಆ ಮಟ್ಟಿಗೆ ಸಿಗಬೇಕಾದ ಹಣದಲ್ಲಿ ಕಡಿತವಾಗಬಹುದು.

ಈಗ ನಮ್ಮೂರು

ಪಿಬಿ ರಸ್ತೆಯಲ್ಲಿ ಸಂಜೆ ಆರರ ಹೊತ್ತಿಗೆ ಯಾವುದಾದರೂ ಬಸ್ ಸ್ಟಾಪಿನ ಹತ್ತಿರ ಐದು ನಿಮಿಷ ನಿಂತು ನೋಡಿ. ಸ್ಟಾಪಿನ ಮುಂದೆ ಎರಡು ಆಟೊ, ಅದರ ಹಿಂದೆ ಒಂದು ಕಾರು, ಕಾರಿನ ಬಗಲಿಗೆ ಅಡ್ಡಾದಿಡ್ಡಿ ಬೈಕುಗಳು. ಸಿಟಿ ಬಸ್ಸು ಬರುತ್ತದೆ. ಬದಿಗೆ ಹೋಗಲು ಜಾಗ ಇಲ್ಲ, ರಸ್ತೆಯ ಮಧ್ಯದಲ್ಲೇ ನಿಲ್ಲುತ್ತದೆ. ಹಿಂದಿನ ಗಾಡಿಗಳೆಲ್ಲ ನಿಂತು ಹಾರ್ನ್ ಶುರು. ಕೈಯಲ್ಲಿ ತರಕಾರಿ ಚೀಲ ಹಿಡಿದ ಅಜ್ಜಿಯೊಬ್ಬರು ಮೆಟ್ಟಿಲ ತುದಿಯಲ್ಲಿ ನಿಂತು ಕಾಲು ಎಲ್ಲಿ ಇಡಲಿ ಅಂತ ನೋಡುತ್ತಾರೆ. ಅಷ್ಟರಲ್ಲಿ ಬಸ್ಸಿಗೂ ಆಟೊಗೂ ನಡುವಿನ ಸಂದಿಯಲ್ಲಿ ಒಂದು ಬೈಕು ಎಡದಿಂದ ನುಗ್ಗುತ್ತದೆ. ಕಂಡಕ್ಟರ್ ‘ಏ ತಡೀಪ್ಪ, ತಡಿ’ ಅಂತ ಬಾಗಿಲಿನಿಂದ ಕೈ ಚಾಚಿ ಕೂಗುತ್ತಾರೆ.

ಮಧ್ಯರಸ್ತೆಯಲ್ಲಿ ನಿಲ್ಲಿಸಿದ್ದಕ್ಕೆ ಬೈಗುಳವೆಲ್ಲ ಬಸ್ಸಿನವರಿಗೆ. ಜಾಗ ಖಾಲಿ ಇದ್ದರೂ ನಡುವೆ ನಿಲ್ಲಿಸುವ ಡ್ರೈವರುಗಳು ಇದ್ದಾರೆ, ಅದು ತಪ್ಪೇ. ಆದರೆ ಸ್ಟಾಪಿನ ಮುಂದೆ ಗಾಡಿ ನಿಲ್ಲಿಸಿ ಹೋದವರಿಂದ ಈ ಸರಪಳಿ ಶುರುವಾಗುತ್ತದೆ. ‘ದೋಸೆ ಪಾರ್ಸೆಲ್ ತಗೊಂಡು ಎರಡೇ ನಿಮಿಷದಲ್ಲಿ ಬಂದೆ’ ಅನ್ನುವ ಒಬ್ಬರ ಎರಡು ನಿಮಿಷಕ್ಕೆ ಬಸ್ಸಿನಲ್ಲಿರುವ ನಲವತ್ತು ಐವತ್ತು ಜನ ಬೆಲೆ ತೆರುತ್ತಾರೆ.

ಆದ್ದರಿಂದ ಇಲ್ಲಿ ಪಾಲಿಸಬೇಕಾದ ಕ್ರಮ ಇದು. ಬಸ್ ಸ್ಟಾಪ್, ಶಾಲೆ, ಆಸ್ಪತ್ರೆಯ ಬಾಗಿಲು, ಸರ್ಕಲ್ ಇವುಗಳ ಹತ್ತಿರ ಗಾಡಿ ನಿಲ್ಲಿಸುವುದಕ್ಕೆ ನಿಯಮಾವಳಿಯಲ್ಲೇ ನಿಷೇಧ ಇದೆ, ಅಲ್ಲಿ ನೋ ಪಾರ್ಕಿಂಗ್ ಬೋರ್ಡ್ ಕಾಣದಿದ್ದರೂ ನಿಲ್ಲಿಸಬೇಡಿ. ನಿಂತ ಗಾಡಿಯ ಬಗಲಿಗೆ ಇನ್ನೊಂದು ಗಾಡಿ ನಿಲ್ಲಿಸುವುದೂ ಹಾಗೇ. ಓಡಾಟಕ್ಕೆ ಅಡ್ಡಿಯಾಗುವಂತೆ ಗಾಡಿ ಬಿಟ್ಟರೆ ದಂಡದ ಜೊತೆಗೆ ಎಳೆದುಕೊಂಡು ಹೋದ ಖರ್ಚನ್ನೂ ನೀವೇ ಕೊಡಬೇಕು. ಯಾರನ್ನಾದರೂ ಹತ್ತಿಸಿಕೊಳ್ಳಬೇಕಿದ್ದರೆ ಸ್ಟಾಪ್ ದಾಟಿ ಮುಂದೆ, ಅಥವಾ ಅಡ್ಡರಸ್ತೆಯೊಳಗೆ ನಿಲ್ಲಿಸಿ ಫೋನ್ ಮಾಡಿ. ನೂರು ಹೆಜ್ಜೆ ನಡೆಯುವುದಕ್ಕೆ ಯಾರಿಗೂ ಕಷ್ಟವಿಲ್ಲ. ನಡೆಯಲಾಗದವರಿದ್ದರೆ ಮಾತು ಬೇರೆ, ಆಗ ಹತ್ತಿಸಿಕೊಂಡ ಕೂಡಲೇ ಹೊರಡಿ.

ನಿಂತ ಬಸ್ಸಿನ ಎಡಗಡೆಯಿಂದ ಬೈಕು ನುಗ್ಗಿಸಬೇಡಿ. ಓವರ್‌ಟೇಕ್ ಬಲದಿಂದ ಅನ್ನುವುದು ನಿಯಮ, ಅದಕ್ಕಿಂತ ಮುಖ್ಯವಾಗಿ ಎಡಗಡೆ ಬಾಗಿಲು ಇದೆ, ಇಳಿಯುವವರು ಇದ್ದಾರೆ. ಬಸ್ಸು ಬಲ ಇಂಡಿಕೇಟರ್ ಹಾಕಿ ಹೊರಡುತ್ತಿದ್ದರೆ ಒಂದು ಕ್ಷಣ ತಡೆದು ದಾರಿ ಬಿಡಿ. ಬಸ್ಸಿನ ಮುಂದೆ ಹಾದು ರಸ್ತೆ ದಾಟುವವರು ನಿಮಗೆ ಕಾಣುವುದಿಲ್ಲ, ಹಾಗಾಗಿ ನಿಂತ ಬಸ್ಸನ್ನು ಬಲದಿಂದ ದಾಟುವಾಗಲೂ ಆಕ್ಸಿಲರೇಟರ್ ಮೇಲಿನ ಕಾಲು ತೆಗೆಯಿರಿ. ಆಟೊದವರಿಗೆ ಒಂದು ಮಾತು: ಬಸ್ಸಿಗೆ ಕಾದವರೇ ನಿಮ್ಮ ಗಿರಾಕಿಗಳು ಅನ್ನುವುದು ನಿಜ, ಸ್ಟಾಪಿನ ನೆರಳಿಗಿಂತ ಹತ್ತು ಮಾರು ಮುಂದೆ ನಿಂತರೂ ಅವರು ನಿಮ್ಮ ಹತ್ತಿರ ಬರುತ್ತಾರೆ.

ಹಬ್ಬದ ದಿನ, ಜಾತ್ರೆ ದಿನ, ಗಣೇಶನ ಮೆರವಣಿಗೆ ದಿನ ಬಸ್ಸಿನ ದಾರಿ ಬದಲಾಗುತ್ತದೆ. ಅಂಥ ದಿನ ಪೊಲೀಸರ ಕೈಸನ್ನೆಯೇ ಸಿಗ್ನಲ್. ಚಿತ್ರದುರ್ಗದಲ್ಲಿ ಪೇಟೆ ರಸ್ತೆಗಳು ಇನ್ನೂ ಕಿರಿದು. ಅಲ್ಲಿ ಒಂದು ಕಾರು ಸ್ಟಾಪಿನ ಮುಂದೆ ನಿಂತರೆ ಸಾಕು, ಬಸ್ಸು ಹೊರಳಲು ಜಾಗವೇ ಉಳಿಯುವುದಿಲ್ಲ.

ಚಲನ್ ಬಂದರೆ ಏನು ಮಾಡಬೇಕು

ಪೊಲೀಸರು ತಡೆಯಲಿಲ್ಲ ಅಂದರೆ ಪಾರಾದೆವು ಅಂತ ಅಂದುಕೊಳ್ಳುವ ಕಾಲ ಹೋಯಿತು. ಕ್ಯಾಮೆರಾದ ಚಿತ್ರದ ಮೇಲೆ ನೋಟಿಸ್ ಕಳಿಸುವುದಕ್ಕೆ ಕೇಂದ್ರ ಮೋಟಾರು ವಾಹನ ನಿಯಮಗಳಲ್ಲಿ 167ಎ ಅಂತ ಹೊಸ ನಿಯಮ 2021ರಲ್ಲಿ ಸೇರಿತು. ಹೆಲ್ಮೆಟ್, ಸೀಟ್ ಬೆಲ್ಟ್, ಕೆಂಪು ದೀಪ, ತಪ್ಪು ಜಾಗದ ಪಾರ್ಕಿಂಗ್ ಎಲ್ಲವೂ ಅದರಲ್ಲಿ ಬರುತ್ತವೆ, ಲೇನ್ ಶಿಸ್ತೂ ಸೇರಿದೆ.

ಮೊದಲ ಕೆಲಸ, ಗಾಡಿಯ ದಾಖಲೆಯಲ್ಲಿ ನಿಮ್ಮ ಈಗಿನ ಮೊಬೈಲ್ ನಂಬರ್ ಇದೆಯೇ ನೋಡಿ. ಹಳೆಯ ನಂಬರಿಗೆ ಮೆಸೇಜ್ ಹೋಗಿ, ವರ್ಷಗಟ್ಟಲೆ ಚಲನ್ ಬಾಕಿ ಉಳಿದು, ಗಾಡಿ ಮಾರುವ ದಿನ ಗೊತ್ತಾಗುವುದು ಸಾಮಾನ್ಯ. ನಂಬರ್ ಬದಲಿಸುವುದು ಸರ್ಕಾರದ ಸಾರಿಗೆ ಸೇವೆಗಳ ‘ಪರಿವಾಹನ್’ ಜಾಲತಾಣದಲ್ಲೇ ಆಗುತ್ತದೆ. ಅಲ್ಲಿಯ ಇ-ಚಲನ್ ಪುಟದಲ್ಲಿ ಗಾಡಿ ನಂಬರ್ ಹಾಕಿ ಬಾಕಿ ನೋಡಬಹುದು, ಕಟ್ಟಬಹುದು. ಮೊಬೈಲಿನಲ್ಲಿ ಮಾಡಲು ಬಾರದವರು ಸಂಚಾರ ಠಾಣೆಗೆ ಹೋದರೆ ರಸೀದಿ ಕೊಟ್ಟು ಕಟ್ಟಿಸಿಕೊಳ್ಳುತ್ತಾರೆ. ಸರ್ಕಾರ 2023ರಲ್ಲಿ, ಮತ್ತೆ 2025ರಲ್ಲಿ ಬಾಕಿ ದಂಡಕ್ಕೆ ಅರ್ಧ ರಿಯಾಯಿತಿ ಕೊಟ್ಟಿತ್ತು. ಮುಂದೆಯೂ ಕೊಡುತ್ತಾರೆ ಅಂತ ಕಾಯುತ್ತಾ ಕೂರಬೇಡಿ. ಕೇಸು ಕೋರ್ಟಿಗೆ ಹೋದರೆ ಓಡಾಟವೇ ಹೆಚ್ಚು.

ಕಟ್ಟುವ ಮುನ್ನ ಫೋಟೊ ತೆರೆದು ನೋಡಿ. ನಂಬರ್ ಪ್ಲೇಟ್ ಸರಿಯಾಗಿ ಕಾಣುತ್ತಿದೆಯೇ, ಗಾಡಿಯ ಬಣ್ಣ, ಮಾದರಿ ನಿಮ್ಮದೇ ಹೌದೇ, ಆ ದಿನ ಆ ಊರಲ್ಲಿ ನೀವು ಇದ್ದಿರೇ? ನಿಮ್ಮ ನಂಬರನ್ನು ಬೇರೆ ಯಾರೋ ಹಾಕಿಕೊಂಡು ಓಡಾಡುತ್ತಿದ್ದರೆ ದಂಡ ಕಟ್ಟಿ ಸುಮ್ಮನಾಗಬೇಡಿ, ಆರ್‌ಸಿ ಮತ್ತು ನಿಮ್ಮ ಗಾಡಿಯ ಫೋಟೊ ಹಿಡಿದು ಠಾಣೆಯಲ್ಲಿ ಲಿಖಿತ ದೂರು ಕೊಟ್ಟು ಸ್ವೀಕೃತಿ ಪಡೆಯಿರಿ. ನಾಳೆ ಆ ಗಾಡಿ ಅಪಘಾತ ಮಾಡಿದರೆ ಈ ಕಾಗದವೇ ನಿಮ್ಮ ಕೈ ಹಿಡಿಯುವುದು. ಗಾಡಿ ಓಡಿಸಿದ್ದು ಅಳಿಯನೋ ಸ್ನೇಹಿತನೋ ಆಗಿದ್ದರೆ, ಪೊಲೀಸರು ಕೇಳಿದಾಗ ಯಾರು ಓಡಿಸಿದ್ದು ಅಂತ ಹೇಳುವುದು 133ನೇ ಕಲಂ ಪ್ರಕಾರ ಮಾಲೀಕರ ಕರ್ತವ್ಯ.

ಗಾಡಿ ಮಾರಿದವರು ಹದಿನಾಲ್ಕು ದಿನದೊಳಗೆ ಆರ್‌ಟಿಒಗೆ ತಿಳಿಸಬೇಕು. ‘ತಗೊಂಡವರು ಮಾಡಿಸ್ಕೊಳ್ತಾರೆ ಬಿಡಿ’ ಅಂತ ಬಿಟ್ಟರೆ ಹುಬ್ಬಳ್ಳಿಯ ಚಲನ್ ನಿಮ್ಮ ಮನೆ ಬಾಗಿಲಿಗೇ ಬರುತ್ತದೆ.

ಇನ್ನೊಂದು ವಿಷಯ, ಇದಕ್ಕೆ ಬಹಳ ಜನ ದುಡ್ಡು ಕಳೆದುಕೊಂಡಿದ್ದಾರೆ. ‘ನಿಮ್ಮ ವಾಹನದ ಮೇಲೆ ಚಲನ್ ಇದೆ, ಈ ಫೈಲ್ ತೆರೆದು ನೋಡಿ’ ಅಂತ ವಾಟ್ಸ್‌ಆ್ಯಪ್‌ನಲ್ಲಿ ಬರುವ ಎಪಿಕೆ ಫೈಲನ್ನು ಮುಟ್ಟಬೇಡಿ. ಅದು ಚಲನ್ ಅಲ್ಲ, ಫೋನಿನೊಳಗೆ ಹೊಕ್ಕು ಒಟಿಪಿ ಕದಿಯುವ ಆ್ಯಪ್. ಲಿಂಕ್ ಬಂದರೂ ಒತ್ತಬೇಡಿ. ಪರಿವಾಹನ್ ಜಾಲತಾಣವನ್ನು ನೀವೇ ತೆರೆದು, ವಿಳಾಸ ‘ಜಿಒವಿ ಡಾಟ್ ಇನ್’ ಅಂತ ಮುಗಿಯುತ್ತದೆಯೇ ನೋಡಿಕೊಂಡು, ಗಾಡಿ ನಂಬರ್ ಹಾಕಿ ಹುಡುಕಿ. ಫೈಲ್ ಒತ್ತಿಯೇ ಬಿಟ್ಟಿದ್ದರೆ ಇಂಟರ್ನೆಟ್ ಆಫ್ ಮಾಡಿ, ಬೇರೆ ಫೋನಿನಿಂದ ಬ್ಯಾಂಕಿಗೆ ತಿಳಿಸಿ, ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಿ. ಆ ಕರೆ ಎಷ್ಟು ಬೇಗ ಹೋಗುತ್ತದೋ ಹಣ ತಡೆಹಿಡಿಯುವ ಅವಕಾಶ ಅಷ್ಟು ಹೆಚ್ಚು.